ರೋಗಿಗಳನ್ನು ಬಿಟ್ಟು ಹೊರಟ ರಾತ್ರಿ: ಬಟಾನಿನ ದಾದಿಯರ ಚಿತ್ರವೊಂದನ್ನು ನೋಡುತ್ತ

1943ರ ಸೆಪ್ಟೆಂಬರಿನಲ್ಲಿ ಪ್ಯಾರಾಮೌಂಟ್ ಸಂಸ್ಥೆಯ ‘ಸೋ ಪ್ರೌಡ್ಲಿ ವಿ ಹೇಲ್’ ಚಿತ್ರ ಅಮೆರಿಕದ ಚಿತ್ರಮಂದಿರಗಳಿಗೆ ಬಂದಾಗ, ಅದು ಯಾರ ಕಥೆಯನ್ನು ಹೇಳುತ್ತಿತ್ತೋ ಆ ಹೆಣ್ಣುಮಕ್ಕಳಲ್ಲಿ ಹೆಚ್ಚಿನವರು ಫಿಲಿಪೈನ್ಸಿನಲ್ಲಿ ಜಪಾನೀ ಸೇನೆಯ ಸೆರೆಯಲ್ಲಿದ್ದರು. ಭೂಸೇನೆಯ 66 ದಾದಿಯರು, ನೌಕಾಪಡೆಯ 11 ದಾದಿಯರು, ಒಟ್ಟು 77 ಮಂದಿ. ಅವರಲ್ಲಿ ಎಷ್ಟು ಜನ ಜೀವಂತವಾಗಿ ಮರಳುತ್ತಾರೆ ಎಂಬುದು ಚಿತ್ರ ತೆಗೆದವರಿಗೂ ಗೊತ್ತಿರಲಿಲ್ಲ, ಟಿಕೆಟ್ ಕೊಂಡು ಒಳಗೆ ಕೂತವರಿಗೂ ಗೊತ್ತಿರಲಿಲ್ಲ. ಯುದ್ಧಕಾಲದ ವೈದ್ಯಕೀಯ ಚಿತ್ರಗಳನ್ನು ಹಾಲಿವುಡ್ ಬೇಕಾದಷ್ಟು ತೆಗೆದಿದೆ. ಆದರೆ ಮುಗಿಯದ ಕಥೆಯೊಂದನ್ನು, ಅದರ ನಿಜವಾದ ಪಾತ್ರಗಳು ಇನ್ನೂ ಸಂಕಟದಲ್ಲಿರುವಾಗಲೇ, ಇಷ್ಟು ಹತ್ತಿರದಿಂದ ಹಿಡಿಯಲು ಹೊರಟ ಇನ್ನೊಂದು ಚಿತ್ರ ನನ್ನ ನೆನಪಿಗೆ ಬರುವುದಿಲ್ಲ. ಇದನ್ನು ನಾನು ಪ್ರೀತಿಯಿಂದ ನೋಡುತ್ತೇನೆ. ನೋಡಿದಷ್ಟೂ ಅದು ಎಲ್ಲಿ ತನ್ನ ವಸ್ತುವಿನ ಎದುರು ಕಣ್ಣು ತಗ್ಗಿಸುತ್ತದೆ ಎಂಬುದೂ ಸ್ಪಷ್ಟವಾಗುತ್ತ ಹೋಗುತ್ತದೆ.

ಚಿತ್ರದ ಚೌಕಟ್ಟೇ ಒಂದು ಚಿಕಿತ್ಸೆ. ಫಿಲಿಪೈನ್ಸಿನಿಂದ ಪಾರಾಗಿ ಬಂದ ಕೆಲವು ದಾದಿಯರು ಹಡಗಿನಲ್ಲಿ ತಾಯ್ನಾಡಿಗೆ ಮರಳುತ್ತಿದ್ದಾರೆ. ಅವರ ನಾಯಕಿ, ಲೆಫ್ಟಿನೆಂಟ್ ಜಾನೆಟ್ ಡೇವಿಡ್‌ಸನ್, ಮಾತು ನಿಲ್ಲಿಸಿ, ಸುತ್ತಲಿನ ಯಾವುದಕ್ಕೂ ಸ್ಪಂದಿಸದೆ ಕೂತಿದ್ದಾಳೆ. ಮೈಯಲ್ಲಿ ಅವಳ ಸ್ಥಿತಿಗೆ ಕಾರಣವಾಗುವಂಥ ಗಾಯವಿಲ್ಲ. ಹಡಗಿನ ವೈದ್ಯ ಉಳಿದ ದಾದಿಯರನ್ನು ಕೂಡಿಸಿಕೊಂಡು, ನಡೆದದ್ದನ್ನೆಲ್ಲ ಮೊದಲಿನಿಂದ ಹೇಳಿ ಎನ್ನುತ್ತಾನೆ. ಅವರು ಹೇಳುವುದೇ ನಾವು ನೋಡುವ ಕಥೆ. ಅಂದರೆ ಇಡೀ ಹಿನ್ನೋಟ ಒಬ್ಬ ರೋಗಿಯ ಪೂರ್ವವೃತ್ತಾಂತ. ವೈದ್ಯನೊಬ್ಬ ರೋಗಕ್ಕೆ ಹೆಸರಿಡುವ ಮೊದಲು ಕೇಳಲೇಬೇಕಾದದ್ದು. ಯುದ್ಧದ ಗಾಯ ಮನಸ್ಸಿಗೂ ಆಗುತ್ತದೆಂಬುದನ್ನು ಗಂಡಸರ ವಿಷಯದಲ್ಲಿಯೇ ಒಪ್ಪಲು ಸೇನೆ ಹಿಂದೇಟು ಹಾಕುತ್ತಿದ್ದ ಕಾಲದಲ್ಲಿ, ದಾದಿಯೊಬ್ಬಳನ್ನು ಆ ಗಾಯದ ರೋಗಿಯನ್ನಾಗಿ ಕೂರಿಸಿದ್ದು ಸಣ್ಣ ಸಂಗತಿಯಲ್ಲ. ಶುಶ್ರೂಷೆ ಮಾಡುವವಳಿಗೇ ಶುಶ್ರೂಷೆ ಬೇಕಾಗಬಹುದು ಎಂದು ಆ ಚಿತ್ರ ಮೊದಲ ಕೆಲವು ನಿಮಿಷಗಳಲ್ಲೇ ಒಪ್ಪಿಕೊಂಡುಬಿಡುತ್ತದೆ.

ನಿರ್ದೇಶಕ ಮಾರ್ಕ್ ಸ್ಯಾಂಡ್ರಿಚ್ ಅದಕ್ಕೆ ಮೊದಲು ಹೆಸರು ಮಾಡಿದ್ದು ಫ್ರೆಡ್ ಆಸ್ಟೇರ್ ಮತ್ತು ಜಿಂಜರ್ ರೋಜರ್ಸ್ ಜೋಡಿಯ ಹಾಡು ನೃತ್ಯಗಳ ಚಿತ್ರಗಳಲ್ಲಿ. ಚಿತ್ರಕಥೆ ಅಲನ್ ಸ್ಕಾಟ್ ಅವರದು, ಸಂಗೀತ ಮಿಕ್ಲೋಶ್ ರೋಝಾ ಅವರದು. ಜಾನೆಟ್ ಪಾತ್ರದಲ್ಲಿ ಕ್ಲೋಡೆಟ್ ಕೋಲ್ಬೇರ್, ಲಘುಸ್ವಭಾವದ ಜೋನ್ ಪಾತ್ರದಲ್ಲಿ ಪಾಲೆಟ್ ಗೊಡಾರ್ಡ್, ದ್ವೇಷದಿಂದ ಕುದಿಯುವ ಒಲಿವಿಯಾ ಪಾತ್ರದಲ್ಲಿ ವೆರೋನಿಕಾ ಲೇಕ್. ಗೊಡಾರ್ಡ್ ಅವರ ಅಭಿನಯ, ಸ್ಕಾಟ್ ಅವರ ಚಿತ್ರಕಥೆ, ಚಾರ್ಲ್ಸ್ ಲ್ಯಾಂಗ್ ಅವರ ಛಾಯಾಗ್ರಹಣ ಮತ್ತು ವಿಶೇಷ ಪರಿಣಾಮಗಳಿಗೆ ಆಸ್ಕರ್ ನಾಮನಿರ್ದೇಶನಗಳು ಬಂದವು. ಕಥೆಯ ಬೇರು ಇರುವುದು ವನೀಟಾ ರೆಡ್ಮಂಡ್ ಎಂಬ ಸೇನಾ ದಾದಿಯ ನೆನಪುಗಳಲ್ಲಿ. ಫಿಲಿಪೈನ್ಸಿನ ಬಟಾನ್ ಪರ್ಯಾಯದ್ವೀಪದ ಎದುರಿಗಿರುವ ಕೊರೆಜಿಡೋರ್ ದ್ವೀಪ ಶತ್ರುಗಳ ವಶವಾಗುವ ಮೊದಲು ವಿಮಾನದಲ್ಲಿ ಪಾರಾದ ಕೆಲವೇ ದಾದಿಯರಲ್ಲಿ ಆಕೆಯೂ ಒಬ್ಬಳು. ಹಾಗೆ ಮರಳಿದ್ದ ಇನ್ನೊಬ್ಬ ದಾದಿ, ಲೆಫ್ಟಿನೆಂಟ್ ಯೂನಿಸ್ ಹ್ಯಾಚಿಟ್, ಚಿತ್ರಕ್ಕೆ ತಾಂತ್ರಿಕ ಸಲಹೆಗಾರ್ತಿಯಾಗಿದ್ದಳು. ವಾರ್ಡಿನ ದೃಶ್ಯಗಳಲ್ಲಿ ಕೈಗಳು ಮಾಡುವ ಕೆಲಸ ನಂಬುವಂತಿರುವುದಕ್ಕೆ ಅದೂ ಒಂದು ಕಾರಣವಿರಬೇಕು.

ಚಿತ್ರ ಎಷ್ಟು ಹೇಳುತ್ತದೆ, ಎಷ್ಟು ಬಿಡುತ್ತದೆ ಎಂದು ಅಳೆಯಬೇಕಾದರೆ ಬಟಾನಿನಲ್ಲಿ ನಡೆದದ್ದು ಗೊತ್ತಿರಬೇಕು. 1941ರ ಡಿಸೆಂಬರಿನಲ್ಲಿ ಅಮೆರಿಕದ ಪರ್ಲ್ ಹಾರ್ಬರ್ ನೌಕಾನೆಲೆಯ ಮೇಲೆ ಜಪಾನ್ ದಾಳಿ ಮಾಡಿದ ಕೆಲವೇ ಗಂಟೆಗಳಲ್ಲಿ ಫಿಲಿಪೈನ್ಸಿನ ಕ್ಲಾರ್ಕ್ ವಿಮಾನನೆಲೆಯ ಮೇಲೂ ಬಾಂಬು ಬಿದ್ದವು. ಕ್ರಿಸ್ಮಸ್ ಹೊತ್ತಿಗೆ ಅಮೆರಿಕನ್ ಮತ್ತು ಫಿಲಿಪಿನೋ ಸೇನೆಗಳು ಮನಿಲಾ ಬಿಟ್ಟು ಬಟಾನ್ ಪರ್ಯಾಯದ್ವೀಪಕ್ಕೆ ಹಿಂದೆಗೆದವು. ದಾದಿಯರು ಬಸ್ಸು, ಲಾರಿ, ದೋಣಿಗಳಲ್ಲಿ ಅಲ್ಲಿಗೆ ಬಂದರು. ಒಂದನೆಯ ಆಸ್ಪತ್ರೆ ಮೊದಲು ಲಿಮಾಯ್‌ನಲ್ಲಿ, ಆಮೇಲೆ ಇನ್ನೂ ಹಿಂದಕ್ಕೆ, ಲಿಟಲ್ ಬಗಿಯೊ ಎಂಬಲ್ಲಿ ನಡೆಯಿತು. ಎರಡನೆಯ ಆಸ್ಪತ್ರೆಗೆ ಗೋಡೆಯೂ ಇರಲಿಲ್ಲ, ಮಾಡೂ ಇರಲಿಲ್ಲ. ರಿಯಾಲ್ ಹೊಳೆಯ ದಂಡೆಯಲ್ಲಿ ಪೊದೆ ಕಡಿದು, ಮರಗಳ ಕೆಳಗೆ ಮಂಚಗಳನ್ನು ಸಾಲಾಗಿ ಇಟ್ಟು, ಮೇಲಿನ ಎಲೆಗಳ ಹೊದಿಕೆ ವಿಮಾನಗಳ ಕಣ್ಣಿನಿಂದ ಕಾಪಾಡಲಿ ಎಂದು ಕಟ್ಟಿದ ಆಸ್ಪತ್ರೆ ಅದು. ಮಂಚಗಳು ಮುಗಿದಾಗ ಬಿದಿರಿನಲ್ಲಿ ಮಾಡಿಕೊಂಡರು. ಅದೂ ಸಾಲದಾದಾಗ ರೋಗಿಗಳನ್ನು ನೆಲದಲ್ಲಿ ಮಲಗಿಸಿದರು. ಏಪ್ರಿಲ್ ಹೊತ್ತಿಗೆ ರೋಗಿಗಳ ಸಂಖ್ಯೆ ಸಾವಿರಗಳಲ್ಲಿ ಎಣಿಸುವಷ್ಟಾಗಿತ್ತು.

ಗುಂಡು ತಗುಲಿದವರಿಗಿಂತ ಜ್ವರ ಹಿಡಿದವರೇ ಹೆಚ್ಚಾಗುತ್ತ ಹೋದರು. ಜನವರಿಯಲ್ಲಿ ಪಡಿತರವನ್ನು ಅರ್ಧಕ್ಕೆ ಇಳಿಸಿದ್ದರು. ಆಮೇಲೆ ಅದಕ್ಕೂ ಕತ್ತರಿ ಬಿತ್ತು. ನೀರೆಮ್ಮೆಗಳನ್ನು ಕಡಿದರು, ಕೊನೆಗೆ ಅಶ್ವದಳದ ಕುದುರೆಗಳನ್ನೂ ಕಡಿದು ಬೇಯಿಸಿದರು. ಮಲೇರಿಯಾ, ಆಮಶಂಕೆ, ವಿಟಮಿನ್ ಕೊರತೆಯಿಂದ ಬರುವ ಬೆರಿಬೆರಿ ಒಂದೇ ಮೈಯಲ್ಲಿ ಒಟ್ಟಿಗೆ ಇದ್ದವು. ಮಲೇರಿಯಾಕ್ಕೆ ಆಗ ಇದ್ದ ಮುಖ್ಯ ಮದ್ದು ಕ್ವಿನೈನ್. ಅದನ್ನು ತೆಗೆಯುವ ಸಿಂಕೋನಾ ಮರದ ತೊಗಟೆಯಲ್ಲಿ ಜಗತ್ತಿನ ಬಹುಪಾಲು ಬರುತ್ತಿದ್ದುದು ಜಾವಾದಿಂದ, ಆ ಜಾವಾ 1942ರ ಮಾರ್ಚಿನಲ್ಲಿ ಜಪಾನಿನ ಕೈಸೇರಿತು. ಚಳಿಜ್ವರ ಮನೆಮನೆಯನ್ನು ಬರಿದು ಮಾಡುತ್ತಿದ್ದ ದಿನಗಳನ್ನು ಹಿರಿಯರ ಬಾಯಲ್ಲಿ ಕೇಳಿ ಬೆಳೆದ ಮಲೆನಾಡಿನವರಿಗೆ, ಕ್ವಿನೈನ್ ಇಲ್ಲದ ಕಾಡಿನಲ್ಲಿ ಒಂದು ಸೇನೆ ಹೇಗಿದ್ದೀತು ಎಂದು ಬಿಡಿಸಿ ಹೇಳಬೇಕಾಗಿಲ್ಲ. ದಾದಿಯರಿಗೂ ಜ್ವರ ಬರುತ್ತಿತ್ತು. ಜ್ವರವಿದ್ದೇ ಪಾಳಿ ಮುಗಿಸಿ, ತಮ್ಮ ವಾರ್ಡಿನಲ್ಲೇ ಮಲಗಿ, ಎದ್ದು ಮತ್ತೆ ಪಾಳಿಗೆ ಹೋಗುತ್ತಿದ್ದರು.

ಈ ಕೊರತೆಯನ್ನು ತೋರಿಸುವಾಗ ಚಿತ್ರ ನಿಜವಾಗಿ ಉಸಿರಾಡುತ್ತದೆ. ಹರಿದ ಬಟ್ಟೆ, ಮುಗಿಯುತ್ತಿರುವ ಮದ್ದು, ಒಬ್ಬರ ಮುಖದಿಂದ ಇನ್ನೊಬ್ಬರ ಮುಖಕ್ಕೆ ಹರಿದಾಡುವ ನಿದ್ದೆಗೇಡಿತನ. ಮಿನುಗುವ ಉಡುಪುಗಳಲ್ಲಿ ಪ್ರೇಕ್ಷಕರಿಗೆ ಪರಿಚಿತರಾಗಿದ್ದ ತಾರೆಯರು ಇಲ್ಲಿ ಗಂಡಸರ ಅಳತೆಯ ದೊಗಳೆ ಬಟ್ಟೆಗಳಲ್ಲಿ, ಬೆವರಿನಲ್ಲಿ ಓಡಾಡುತ್ತಾರೆ. ಒಂದು ಕಣ್ಣಿನ ಮೇಲೆ ಇಳಿಬಿಟ್ಟ ಕೂದಲಿಗೇ ಹೆಸರಾಗಿದ್ದ ವೆರೋನಿಕಾ ಲೇಕ್ ಆ ವರ್ಷಗಳಲ್ಲಿ ಕೂದಲನ್ನು ಎತ್ತಿ ಕಟ್ಟಿದ್ದರು. ಅವರನ್ನು ಅನುಕರಿಸುತ್ತಿದ್ದ ಕಾರ್ಖಾನೆಯ ಹೆಣ್ಣುಮಕ್ಕಳ ಕೂದಲು ಯಂತ್ರಕ್ಕೆ ಸಿಕ್ಕಿಕೊಳ್ಳಬಾರದೆಂದು ಸರ್ಕಾರವೇ ಕೇಳಿಕೊಂಡಿತ್ತು. ಈ ಚಿತ್ರದ ಬಹುಪಾಲಿನಲ್ಲಿಯೂ ಹಾಗೆಯೇ ಕಾಣುತ್ತಾರೆ, ಅದು ಪಾತ್ರದ ಬಿಗಿತಕ್ಕೆ ತಕ್ಕುದಾಗಿದೆ. ನೃತ್ಯದ ಚಿತ್ರಗಳಲ್ಲಿ ಪಳಗಿದ ಸ್ಯಾಂಡ್ರಿಚ್‌ಗೆ ಗುಂಪಿನ ಚಲನೆ ಗೊತ್ತು. ಆಸ್ಪತ್ರೆಯನ್ನು ಖಾಲಿ ಮಾಡಿ ಹಿಂದೆಗೆಯುವ ದೃಶ್ಯಗಳಲ್ಲಿ ಯಾರು ಎಲ್ಲಿಂದ ಎಲ್ಲಿಗೆ ಹೋಗುತ್ತಿದ್ದಾರೆ, ಯಾವ ರೋಗಿಯನ್ನು ಯಾರು ಹಿಡಿದಿದ್ದಾರೆ ಎಂಬುದು ಗೊಂದಲದ ನಡುವೆಯೂ ತಿಳಿಯುತ್ತದೆ.

ವೈದ್ಯಕೀಯ ಧರ್ಮದ ಪ್ರಶ್ನೆಯನ್ನು ಚಿತ್ರ ನೇರವಾಗಿ ಎತ್ತುವುದು ಒಲಿವಿಯಾಳ ಮೂಲಕ. ಅವಳು ಮದುವೆಯಾಗಬೇಕಿದ್ದವನು ಪರ್ಲ್ ಹಾರ್ಬರ್‌ನಲ್ಲಿ ಸತ್ತಿದ್ದಾನೆ. ಗಾಯಗೊಂಡ ಜಪಾನೀ ಸೈನಿಕರ ವಾರ್ಡಿನ ಕೆಲಸವನ್ನು ಅವಳು ಕೇಳಿ ಪಡೆಯುತ್ತಾಳೆ, ಕೊಲ್ಲುವ ಉದ್ದೇಶದಿಂದ. ಅಲ್ಲಿಗೆ ಹೋದಮೇಲೆ ಅವಳಿಂದ ಆಗುವುದಿಲ್ಲ. ಅಂಥ ಕಾಲದಲ್ಲಿ, ಅಂಥ ಪ್ರೇಕ್ಷಕರೆದುರು, ಶತ್ರುವಿನ ಸೈನಿಕನೂ ಮಂಚದ ಮೇಲೆ ಮಲಗಿದ ಮೇಲೆ ರೋಗಿಯೇ ಎಂದು ಒಬ್ಬ ದಾದಿಯ ಸೋಲಿನ ಮೂಲಕ ಹೇಳಿದ್ದು ಚಿತ್ರದ ಅತ್ಯಂತ ಧೀರ ಕ್ಷಣ ಎಂದು ನಾನು ಭಾವಿಸುತ್ತೇನೆ. ಜಪಾನೀಯರ ಬಗ್ಗೆ ಚಿತ್ರದ ಉಳಿದ ಭಾಗ ಆಡುವ ಮಾತು ಈ ಎತ್ತರದಲ್ಲಿಲ್ಲ. ಅಲ್ಲಿ ಜನಾಂಗದ್ವೇಷ ಯಾವ ಮುಚ್ಚುಮರೆಯೂ ಇಲ್ಲದೆ ಇದೆ, ಇವತ್ತು ಕೇಳಲು ಕಷ್ಟವಾಗುತ್ತದೆ. ಆ ಭಾಗವನ್ನು ಕಾಲದ ಹೆಸರಿನಲ್ಲಿ ಕ್ಷಮಿಸಲು ನನಗೆ ಮನಸ್ಸಿಲ್ಲ, ಏಕೆಂದರೆ ಅದೇ ಕಾಲದಲ್ಲಿ ಅದೇ ಚಿತ್ರ ಬೇರೆ ರೀತಿ ಯೋಚಿಸಬಲ್ಲದಾಗಿತ್ತು ಎಂಬುದಕ್ಕೆ ವಾರ್ಡಿನ ದೃಶ್ಯವೇ ಸಾಕ್ಷಿ.

ಅದೇ ಒಲಿವಿಯಾಳಿಗೆ ಚಿತ್ರ ಕೊಡುವ ಕೊನೆ ಎಲ್ಲರಿಗೂ ನೆನಪಿರುವಂಥದು. ಜಪಾನೀ ಸೈನಿಕರು ಸುತ್ತುವರಿಯುತ್ತಿರುವಾಗ, ಸಂಗಾತಿಗಳು ಲಾರಿ ಹತ್ತಿ ಪಾರಾಗಲೆಂದು ಅವಳು ಅಂಗಿಯೊಳಗೆ ಕೈಬಾಂಬು ಇಟ್ಟುಕೊಂಡು ಅವರ ನಡುವೆ ನಡೆದುಹೋಗುತ್ತಾಳೆ. ದೃಶ್ಯಕ್ಕೆ ಬಲವಿದೆ, ಲೇಕ್ ಅವರ ನಡಿಗೆಯಲ್ಲಿ ಒಂದು ಭಯಂಕರ ಶಾಂತಿಯಿದೆ. ಆದರೆ ಬಟಾನಿನ ಯಾವ ದಾದಿಯೂ ಹೀಗೆ ಸಾಯಲಿಲ್ಲ. ದಾದಿಯ ಧೈರ್ಯವನ್ನು ಪ್ರೇಕ್ಷಕರಿಗೆ ಒಪ್ಪಿಸಲು ಅದನ್ನು ಸೈನಿಕನ ಧೈರ್ಯವನ್ನಾಗಿ ಬದಲಾಯಿಸಬೇಕು ಎಂದು ಕಥೆ ಕಟ್ಟಿದವರಿಗೆ ಅನಿಸಿತು. ನನ್ನ ತಕರಾರು ಇಲ್ಲಿಂದ ಶುರುವಾಗುತ್ತದೆ.

1942ರ ಏಪ್ರಿಲ್ 7ರಂದು ಲಿಟಲ್ ಬಗಿಯೊ ಆಸ್ಪತ್ರೆಯ ಮೇಲೆ ಬಾಂಬುಗಳು ಬಿದ್ದವು. ಅದಕ್ಕೊಂದು ವಾರ ಮುಂಚೆಯೂ ಬಿದ್ದಿದ್ದವು. ಮುರಿದ ಕಾಲುಗಳಿಗೆ ತೂಕ ಕಟ್ಟಿ, ಹಗ್ಗದಲ್ಲಿ ಎಳೆದು ನಿಲ್ಲಿಸಿದ್ದ ರೋಗಿಗಳು ಮಂಚ ಬಿಟ್ಟು ಅಲ್ಲಾಡಲಾರರು. ದಾದಿಯರು ಬಾಂಬುಗಳ ನಡುವೆ ಮಂಚದಿಂದ ಮಂಚಕ್ಕೆ ಓಡಿ ಆ ಹಗ್ಗಗಳನ್ನು ಕತ್ತರಿಸಿದರು, ರೋಗಿಗಳು ನೆಲಕ್ಕೆ ಉರುಳಿಕೊಳ್ಳಲಿ ಎಂದು. ಮೂಳೆ ಕೂಡುವಂತೆ ವಾರಗಟ್ಟಲೆ ಕಾಪಾಡಿಕೊಂಡು ಬಂದದ್ದನ್ನು ಜೀವ ಉಳಿಸಲು ತಮ್ಮ ಕೈಯಾರೆ ಕೆಡಿಸುವ ಆ ನಿರ್ಧಾರವನ್ನು ಕ್ಷಣಾರ್ಧದಲ್ಲಿ ತೆಗೆದುಕೊಳ್ಳಬೇಕಾದರೆ ಕೆಲಸ ರಕ್ತದಲ್ಲಿ ಇಳಿದಿರಬೇಕು. ದಾದಿಯರಲ್ಲಿ ಇಬ್ಬರು, ರೋಸ್‌ಮೇರಿ ಹೋಗನ್ ಮತ್ತು ರೀಟಾ ಪಾಮರ್, ಆ ದಿನ ಗಾಯಗೊಂಡರು. ಕೈಬಾಂಬಿನ ಕಲ್ಪನೆ ಬೇಕಾಗಿರಲಿಲ್ಲ.

ಮರುದಿನ ರಾತ್ರಿ ಬಂದ ಆಜ್ಞೆ ಅದಕ್ಕಿಂತ ಭಾರವಾದದ್ದು. ಮುಂಚೂಣಿ ಕುಸಿದಿತ್ತು, ದಾದಿಯರೆಲ್ಲ ತಕ್ಷಣ ಆಸ್ಪತ್ರೆ ಬಿಟ್ಟು ಕೊರೆಜಿಡೋರ್‌ಗೆ ಹೋಗಬೇಕು ಎಂದರು. ರೋಗಿಗಳು ಬಟಾನಿನಲ್ಲೇ ಉಳಿಯಬೇಕು. ಶಸ್ತ್ರಚಿಕಿತ್ಸೆಗಾಗಿ ಗಾಯಾಳುಗಳು ಸಾಲಿನಲ್ಲಿ ಕಾದಿರುವಾಗ, ನಡೆಯುತ್ತಿದ್ದ ಕೆಲಸವನ್ನು ಅಲ್ಲಲ್ಲಿಗೇ ಬಿಟ್ಟು, ಇದ್ದ ಬಟ್ಟೆಯಲ್ಲಿ ಹೊರಟರು. ಎರಡನೆಯ ಆಸ್ಪತ್ರೆಯ ದಾದಿಯರ ಮೇಲ್ವಿಚಾರಕಿ ಜೋಸಿ ನೆಸ್ಬಿಟ್, ತನ್ನ ಜೊತೆ ದುಡಿದ ಫಿಲಿಪಿನೋ ದಾದಿಯರನ್ನು ಬಿಟ್ಟು ಅಮೆರಿಕನ್ನರು ಮಾತ್ರ ಹೋಗುವುದಾದರೆ ತಾನು ಹೊರಡುವುದಿಲ್ಲವೆಂದು ಮೇಲಧಿಕಾರಿಯ ಮುಂದೆ ಹಟ ಹಿಡಿದಳು. ಆ ಹಟ ಗೆದ್ದಿತು, ಅವರೂ ಬಂದರು. ಮದ್ದುಗುಂಡಿನ ಕೋಠಿಗಳನ್ನು ಅಮೆರಿಕನ್ನರೇ ಸಿಡಿಸುತ್ತಿದ್ದ, ಭೂಮಿಯೂ ಕಂಪಿಸಿದ ಆ ರಾತ್ರಿಯಲ್ಲಿ ದಾರಿಯುದ್ದಕ್ಕೂ ಸೋತ ಸೇನೆ ತುಂಬಿತ್ತು. ಏಪ್ರಿಲ್ 9ರಂದು ಬಟಾನ್ ಶರಣಾಯಿತು. ಹಿಂದೆ ಉಳಿದ ಫಿಲಿಪಿನೋ ರೋಗಿಗಳನ್ನು ಜಪಾನೀಯರು ಆಸ್ಪತ್ರೆಯಿಂದ ಹೊರಡಿಸಿದರು. ಸೆರೆಯಾಳುಗಳನ್ನು ಶಿಬಿರಕ್ಕೆ ನಡೆಸಿಕೊಂಡು ಹೋದ, ‘ಸಾವಿನ ನಡಿಗೆ’ ಎಂದು ಹೆಸರಾದ ಆ ಸಾಲಿಗೆ ಹಸಿಗಾಯದೊಂದಿಗೆ ಸೇರಿದ ಅವರಲ್ಲಿ ಅನೇಕರು ದಾರಿಯಲ್ಲೇ ಸತ್ತರು. ಅಮೆರಿಕನ್ ರೋಗಿಗಳಿದ್ದ ಜಾಗದ ಸುತ್ತ ಫಿರಂಗಿಗಳನ್ನು ನಿಲ್ಲಿಸಿ ಕೊರೆಜಿಡೋರ್‌ನ ಕಡೆಗೆ ಹಾರಿಸಿದರು.

ಬದುಕಿ ಬಂದ ದಾದಿಯರು ಮುಪ್ಪಿನಲ್ಲಿಯೂ ಮತ್ತೆ ಮತ್ತೆ ಹೇಳಿಕೊಂಡದ್ದು ಈ ರಾತ್ರಿಯನ್ನು. ಹಸಿವನ್ನಲ್ಲ, ಬಾಂಬನ್ನಲ್ಲ, ರೋಗಿಗಳನ್ನು ಬಿಟ್ಟು ಬಂದದ್ದನ್ನು. ದಾದಿಯ ವೃತ್ತಿಗೆ ಇದಕ್ಕಿಂತ ಆಳವಾದ ಗಾಯವಿಲ್ಲ, ಏಕೆಂದರೆ ಅವಳು ತಪ್ಪು ಮಾಡಿರುವುದಿಲ್ಲ, ಆಜ್ಞೆ ಪಾಲಿಸಿರುತ್ತಾಳೆ, ಆದರೂ ಮಂಚದಿಂದ ತನ್ನನ್ನು ನೋಡಿದ ಮುಖಗಳಿಗೆ ಅವಳಲ್ಲಿ ಉತ್ತರವಿರುವುದಿಲ್ಲ. ಚಿತ್ರದ ನಾಯಕಿ ಮಾತು ಕಳೆದುಕೊಂಡು ಕೂತಿರುವುದಕ್ಕೆ ಇದೇ ಕಾರಣ ಎಂದು ಹೇಳಲು ಎಲ್ಲ ಸಾಧನಗಳೂ ಚಿತ್ರದ ಕೈಯಲ್ಲಿದ್ದವು. ಆದರೆ ಅವಳ ಮೌನಕ್ಕೆ ಚಿತ್ರ ಕೊಡುವ ಕಾರಣ ಗಂಡ. ಸೇನಾ ದಾದಿಯರು ಮದುವೆಯಾಗಬಾರದೆಂಬ ನಿಯಮವನ್ನು ಮೀರಿ ಅವಳು ಒಬ್ಬ ಸೈನಿಕನನ್ನು ಮದುವೆಯಾಗುತ್ತಾಳೆ, ಅವನು ಸಾಮಗ್ರಿ ತರಲು ಹೋದವನು ಮರಳುವುದಿಲ್ಲ, ಅವನಿಗಾಗಿ ಕಾಯುವಾಗಲೇ ಅವಳನ್ನು ದ್ವೀಪದಿಂದ ಸಾಗಿಸಲಾಗುತ್ತದೆ. ಕೊನೆಗೆ ಹಡಗಿನ ವೈದ್ಯ ಗಂಡನ ಪತ್ರವನ್ನು ಓದಿದಾಗ ಅವಳಿಗೆ ಎಚ್ಚರ ಬರುತ್ತದೆ. ಕೋಲ್ಬೇರ್ ಇದನ್ನು ಚೆನ್ನಾಗಿಯೇ ಅಭಿನಯಿಸಿದ್ದಾರೆ, ನನಗೂ ಗಂಟಲು ಕಟ್ಟುತ್ತದೆ. ಆದರೂ ರೋಗನಿರ್ಣಯ ತಪ್ಪಾಗಿದೆ ಎಂದೇ ನಾನು ಹೇಳುತ್ತೇನೆ. ಸಾವಿರಾರು ರೋಗಿಗಳ ಜಾಗದಲ್ಲಿ ಒಬ್ಬ ಗಂಡನನ್ನು ಇಟ್ಟು, ವೃತ್ತಿಯ ದುಃಖವನ್ನು ಪ್ರೇಮದ ದುಃಖವನ್ನಾಗಿ ಮಾಡಿ, ಪ್ರೇಕ್ಷಕರಿಗೆ ಸುಲಭವಾಗಿ ಅರ್ಥವಾಗುವ ಕಣ್ಣೀರನ್ನು ಅದು ಆರಿಸಿಕೊಂಡಿತು. ಯುದ್ಧ ನಡೆಯುತ್ತಿರುವಾಗ, ಸೇನೆ ತನ್ನ ಗಾಯಾಳುಗಳನ್ನು ಬಿಟ್ಟು ಬಂದಿತು ಎಂಬುದನ್ನೇ ಕಥೆಯ ನಡುಮನೆಯಲ್ಲಿ ಕೂರಿಸಲು ಯಾವ ಸ್ಟುಡಿಯೋಗೂ ಆಗುತ್ತಿರಲಿಲ್ಲ ಎಂಬುದನ್ನು ನಾನು ಒಪ್ಪುತ್ತೇನೆ. ಹಾಗೆಂದು ಇಲ್ಲದ್ದು ಇದೆಯೆಂದು ಆಗುವುದಿಲ್ಲ.

ಕೊರೆಜಿಡೋರ್‌ನಲ್ಲಿ ದಾದಿಯರು ದುಡಿದದ್ದು ಮಲಿಂಟಾ ಸುರಂಗದಲ್ಲಿ. ಗುಡ್ಡದೊಳಗೆ ಸುಮಾರು 250 ಮೀಟರ್ ಉದ್ದದ ಮುಖ್ಯ ಸುರಂಗ, ಅದರಿಂದ ಎರಡೂ ಕಡೆ ಕವಲೊಡೆದ ಉಪಸುರಂಗಗಳು. ಅವುಗಳಲ್ಲಿ ಕೆಲವು ಆಸ್ಪತ್ರೆ. ಬಾಂಬು ಬಿದ್ದಾಗಲೆಲ್ಲ ದೂಳು ಉದುರುತ್ತಿತ್ತು, ದೀಪ ಆರುತ್ತಿತ್ತು, ಟಾರ್ಚಿನ ಬೆಳಕಿನಲ್ಲಿ ಶಸ್ತ್ರಚಿಕಿತ್ಸೆ ಮುಂದುವರಿಯುತ್ತಿತ್ತು. ಏಪ್ರಿಲ್ ಕೊನೆಗೆ ಎರಡು ಸಮುದ್ರವಿಮಾನಗಳಲ್ಲಿ, ಮೇ 3ರಂದು ಒಂದು ಜಲಾಂತರ್ಗಾಮಿಯಲ್ಲಿ ಕೆಲವು ದಾದಿಯರನ್ನು ಹೊರಗೆ ಕಳಿಸಿದರು. ಮೇ 6ರಂದು ದ್ವೀಪ ಬಿತ್ತು. ಉಳಿದ ಹೆಂಗಸರು ಹಾಸಿಗೆಯ ಬಟ್ಟೆಯ ಒಂದು ತುಂಡಿನ ಮೇಲೆ ತಮ್ಮ ಹೆಸರುಗಳನ್ನು ಬರೆದಿಟ್ಟರು, ತಾವು ಇಲ್ಲಿದ್ದೆವೆಂದು ಯಾರಿಗಾದರೂ ತಿಳಿಯಲಿ ಎಂದು.

ಚಿತ್ರ ಇಲ್ಲಿಗೇ ನಿಲ್ಲಬೇಕಿತ್ತು, ಏಕೆಂದರೆ ಮುಂದಿನದು ಆಗ ಗೊತ್ತಿರಲಿಲ್ಲ. ಮನಿಲಾದ ಸ್ಯಾಂಟೋ ಟೋಮಾಸ್ ವಿಶ್ವವಿದ್ಯಾಲಯದ ಆವರಣ ನಾಗರಿಕ ಸೆರೆಯಾಳುಗಳ ಶಿಬಿರವಾಗಿತ್ತು. ಅಲ್ಲಿಗೆ ತಂದ ಸೇನಾ ದಾದಿಯರನ್ನು ಅವರ ಮುಖ್ಯಸ್ಥೆ ಕ್ಯಾಪ್ಟನ್ ಮಾಡ್ ಡೇವಿಸನ್ ಒಂದು ದಿನವೂ ಸುಮ್ಮನಿರಲು ಬಿಡಲಿಲ್ಲ. ಐವತ್ತು ದಾಟಿದ್ದ, ಯುದ್ಧದ ಆರಂಭದಲ್ಲೇ ಬೆನ್ನಿಗೆ ಪೆಟ್ಟು ತಿಂದಿದ್ದ ಆಕೆ, ಎಲ್ಲರೂ ಸಮವಸ್ತ್ರ ಹಾಕಿ ಪ್ರತಿದಿನ ನಾಲ್ಕು ಗಂಟೆಯ ಪಾಳಿ ಮಾಡಲೇಬೇಕು ಎಂದು ಕಟ್ಟಳೆ ಮಾಡಿದಳು. ಶಿಬಿರದ ಸಾವಿರಾರು ಜನರಿಗೆ ಆಸ್ಪತ್ರೆ ನಡೆಯಿತು. ನೌಕಾಪಡೆಯ 11 ಮಂದಿಯನ್ನು ಅವರ ಮುಖ್ಯಸ್ಥೆ ಲಾರಾ ಕಾಬ್ ಅವರೊಂದಿಗೆ 1943ರ ಮೇ ತಿಂಗಳಲ್ಲಿ ಲಾಸ್ ಬಾನ್ಯೋಸ್ ಶಿಬಿರಕ್ಕೆ ಒಯ್ದರು. ಅಲ್ಲಿಯೂ ಅದೇ ಕೆಲಸ. ಕೊನೆಯ ತಿಂಗಳುಗಳಲ್ಲಿ ಊಟ ದಿನಕ್ಕೆ ಸಾವಿರ ಕ್ಯಾಲೊರಿಗಿಂತ ಕೆಳಗಿಳಿದಾಗ, ರೋಗಿಯ ಹಾಸಿಗೆಯ ಪಕ್ಕ ನಿಂತವಳೂ ರೋಗಿಯಷ್ಟೇ ಸೊರಗಿದ್ದಳು. 1945ರ ಫೆಬ್ರವರಿ 3ರಂದು ಸ್ಯಾಂಟೋ ಟೋಮಾಸ್, 23ರಂದು ಲಾಸ್ ಬಾನ್ಯೋಸ್ ಬಿಡುಗಡೆಯಾದವು. 77 ಮಂದಿಯೂ ಬದುಕಿದ್ದರು. ಬಿಡುಗಡೆ ಆದಮೇಲೆ ಹಸಿವಿನ ರೋಗಿಗಳ ಜೊತೆಗೆ ಗಾಯಗೊಂಡ ಸೈನಿಕರೂ ಬಂದರು, ಆ ದಾದಿಯರೇ ಅವರನ್ನೂ ನೋಡಿಕೊಂಡರು. ನಿತ್ಯದ ಪಾಳಿಯೇ ಅವರನ್ನು ಕಾಪಾಡಿತು ಎಂಬುದು ನನ್ನ ನಂಬಿಕೆ. ಬಟಾನಿನಲ್ಲಿ ಬಿಟ್ಟು ಬಂದ ಮಂಚಗಳಿಗೆ ಅವರು ಕೊಡಬಹುದಾಗಿದ್ದ ಉತ್ತರವೂ ಅದೊಂದೇ ಆಗಿತ್ತೇನೋ.

ಇದೇ ವಸ್ತುವನ್ನು ಮುಟ್ಟಿದ ಇನ್ನೊಂದು ಚಿತ್ರ ಜಾನ್ ಫೋರ್ಡ್ ಅವರ 1945ರ ‘ದೇ ವರ್ ಎಕ್ಸ್‌ಪೆಂಡಬಲ್’. ಅದು ಟಾರ್ಪಿಡೋ ದೋಣಿಗಳ ಕಥೆ. ಡೋನಾ ರೀಡ್ ಅವರ ದಾದಿಗೆ ಅಲ್ಲಿ ಕೆಲವೇ ದೃಶ್ಯಗಳು. ಆದರೆ ಸುರಂಗದ ಆಸ್ಪತ್ರೆಯಲ್ಲಿ ದೀಪ ಹೊಯ್ದಾಡುತ್ತಿರುವಾಗ ಶಸ್ತ್ರಚಿಕಿತ್ಸೆಯ ಮೇಜಿನ ಪಕ್ಕ ನಿಂತು, ದಣಿವನ್ನು ತೋರಿಸದೆ ಕೆಲಸ ಮಾಡುವ ಅವರನ್ನು ಕ್ಯಾಮೆರಾ ಯಾವ ಮಾತೂ ಇಲ್ಲದೆ ನೋಡುತ್ತದೆ. ಅವಳಿಗೂ ಪ್ರೇಮವಿದೆ, ಆದರೆ ಅವಳ ಕೆಲಸಕ್ಕೆ ಆ ಪ್ರೇಮದ ವಿವರಣೆ ಬೇಕಾಗಿಲ್ಲ. ಕಡಿದುಹೋಗುವ ಒಂದು ದೂರವಾಣಿ ಕರೆಯ ನಂತರ ಅವಳು ಚಿತ್ರದಿಂದಲೇ ಮರೆಯಾಗುತ್ತಾಳೆ. ಅವಳಿಗೆ ಏನಾಯಿತೆಂದು ನಾಯಕನಿಗೂ ನಮಗೂ ತಿಳಿಯುವುದಿಲ್ಲ. ಈ ಎರಡನ್ನೂ ಒಂದರ ಬೆನ್ನಿಗೆ ಒಂದರಂತೆ ನೋಡಬೇಕು ಎಂದು ಕೇಳಿದವರಿಗೆಲ್ಲ ಹೇಳುತ್ತಿರುತ್ತೇನೆ. ಸ್ಯಾಂಡ್ರಿಚ್ ದಾದಿಯರಿಗೆ ಇಡೀ ಚಿತ್ರವನ್ನೇ ಕೊಟ್ಟರು, ಅದು ಆ ಕಾಲಕ್ಕೆ ದೊಡ್ಡ ಕೊಡುಗೆ. ಫೋರ್ಡ್ ಕೊಟ್ಟ ಕೆಲವೇ ನಿಮಿಷಗಳಲ್ಲಿ ಕೆಲಸದ ಘನತೆ ಕಲಬೆರಕೆಯಿಲ್ಲದೆ ಇದೆ.

ದಾದಿಯ ದುಡಿಮೆಗೆ ತನ್ನದೇ ತೂಕವಿದೆ ಎಂದು ಒಪ್ಪಲು ಕಷ್ಟವಾದದ್ದು ಸಿನಿಮಾದವರಿಗೆ ಮಾತ್ರವಲ್ಲ. ಬಟಾನಿನಲ್ಲಿದ್ದ ದಾದಿಯರಿಗೆ ಅಧಿಕಾರಿಗಳ ಪದನಾಮವಿತ್ತು, ಪೂರ್ಣ ಅಧಿಕಾರವೂ ಸಮಾನ ಸಂಬಳವೂ ಇರಲಿಲ್ಲ; ಅವು ತಾತ್ಕಾಲಿಕವಾಗಿ ಬಂದದ್ದು 1944ರಲ್ಲಿ, ಕಾಯಂ ಆದದ್ದು 1947ರಲ್ಲಿ. ಮಾಡ್ ಡೇವಿಸನ್‌ಗೆ ಡಿಸ್ಟಿಂಗ್ವಿಶ್ಡ್ ಸರ್ವಿಸ್ ಮೆಡಲ್ ಕೊಡಬೇಕೆಂದು ಯುದ್ಧ ಮುಗಿದ ಹೊಸದರಲ್ಲೇ ಶಿಫಾರಸು ಹೋಗಿತ್ತು. ಆಗ ಕೊಡಲಿಲ್ಲ, ಅದಕ್ಕಿಂತ ಕೆಳಗಿನ ದರ್ಜೆಯ ಗೌರವ ಕೊಟ್ಟರು. ಆಕೆ 1956ರಲ್ಲಿ ತೀರಿಕೊಂಡಳು. ಜೊತೆಗಿದ್ದ ದಾದಿಯರಲ್ಲಿ ಬದುಕಿದ್ದವರೂ ಅವರ ಕಥೆಯನ್ನು ಬಲ್ಲ ಇತರರೂ ಬಿಡದೆ ಪ್ರಯತ್ನಿಸಿದ್ದರಿಂದ ಅದೇ ಪದಕವನ್ನು 2001ರ ಆಗಸ್ಟಿನಲ್ಲಿ, ಮರಣೋತ್ತರವಾಗಿ, ಆಕೆಯ ಹೆಸರಿಗೆ ಕೊಟ್ಟರು.